ಕಿವಿಮಣಿಗೆ ಕೇಳದ ಹೆಸರು

ಮೊದಲೇ ಹೇಳಿಬಿಡುತ್ತೇನೆ, ಈ ಕಥೆಯಲ್ಲಿ ಒಬ್ಬಳ ಹೆಸರು ಬರುವುದಿಲ್ಲ. ಬರೆಯಲು ನನಗೆ ಅಂಜಿಕೆಯೇನಿಲ್ಲ. ಈ ವಯಸ್ಸಿನಲ್ಲಿ ಇನ್ನು ಯಾರಿಗೆ ಅಂಜಬೇಕು? ಆದರೆ ನಾನು ಬರೆದರೂ, ನಿಮ್ಮ ಪರದೆಗೆ ಬರುವಷ್ಟರಲ್ಲಿ ಅದು ಬೇರೆ ಹೆಸರಾಗಿರುತ್ತದೆ. ಹಾಗಾಗುವಂತೆ ನೋಡಿಕೊಳ್ಳುವುದಕ್ಕೇ ನನಗೆ ಸಂಬಳ.

ನನ್ನ ಹೆಸರು ಇಂದುಮತಿ. ಇದನ್ನು ಎಷ್ಟು ಸಲ ಬೇಕಾದರೂ ಬರೆಯಬಹುದು. ಯಲಹಂಕದಾಚೆ ಇರುವ 'ಮುಸುಕು' ಕೇಂದ್ರದಲ್ಲಿ ದೂರುಗಳನ್ನು ಕೇಳುವವಳು ನಾನು. ದೂರು ಕೇಳುವವರಿಗೆ ತಾಳ್ಮೆ ಇರಬೇಕಂತೆ. ನನಗೆ ಅದು ಹುಟ್ಟಿನಿಂದಲೇ ಇಲ್ಲ, ಆದರೂ ಯಾಕೋ ಅಲ್ಲೇ ಕೂರಿಸಿದ್ದಾರೆ.

ಮುಸುಕು ಎಂದರೆ ಏನೆಂದು ಎರಡು ಮಾತು. ಕೆಲವು ಅಪರಾಧಗಳಿಗೆ ಬಲಿಯಾದವರ ಗುರುತು ಹೊರಗೆ ಬರಬಾರದು ಎಂಬ ಕಾನೂನು ನಮ್ಮಲ್ಲಿ ಹಳೆಯದು. ಪತ್ರಿಕೆಯವರು ಅದನ್ನು ಪಾಲಿಸುತ್ತಿದ್ದರು, ಫೋನು ಹಿಡಿದ ಜನ ಪಾಲಿಸುತ್ತಿರಲಿಲ್ಲ. ಹೆಣ ಸಿಕ್ಕ ದಿನವೇ ಹೆಸರು, ಕಾಲೇಜು, ಮದುವೆಮನೆಯಲ್ಲಿ ತೆಗೆದ ಫೋಟೋ ಎಲ್ಲ ಊರೂರು ತಿರುಗುತ್ತಿದ್ದವು. ಅದಕ್ಕೆ ಈ ಮುಸುಕು ಬಂತು. ಬಲಿಯಾದವರ ಹೆಸರು, ಮುಖ, ದನಿ ಮೂರನ್ನೂ ಒಂದೇ ಗಂಟು ಕಟ್ಟಿ ಇಟ್ಟುಕೊಳ್ಳುತ್ತೇವೆ. ನೆಟ್‌ಗೆ ಸೇರಿದ ಯಾವ ಯಂತ್ರದಲ್ಲಿ ಆ ಮೂರರಲ್ಲೊಂದು ಕಾಣಿಸಿಕೊಂಡರೂ ಮುಸುಕು ಅಲ್ಲಿಯೇ ಮುಚ್ಚುತ್ತದೆ. ಮುಖ ಮಂಜಾಗುತ್ತದೆ, ದನಿ ಅಳಿಯುತ್ತದೆ, ಹೆಸರಿನ ಜಾಗದಲ್ಲಿ ಸರ್ಕಾರ ಇಟ್ಟ ಬೇರೆ ಹೆಸರು ಕೂರುತ್ತದೆ. ಒಳ್ಳೆಯ ಕೆಲಸವೇ. ನಾನು ಈಗಲೂ ಹಾಗೇ ಹೇಳುತ್ತೇನೆ.

ಒಂದೇ ಹೆಸರಿನವರು ಸಾವಿರ ಜನ ಇರುತ್ತಾರಲ್ಲ, ಎಲ್ಲರ ಹೆಸರೂ ಮುಚ್ಚಿಹೋಗುವುದಿಲ್ಲವೇ ಎಂದು ನೀವು ಕೇಳಬಹುದು. ಇಲ್ಲ. ಯಾರು, ಯಾರ ಮುಂದೆ, ಯಾರ ಬಗ್ಗೆ ಮಾತಾಡುತ್ತಿದ್ದಾರೆ ಎಂಬುದನ್ನು ನೋಡಿ ಮುಸುಕು ತೀರ್ಮಾನಿಸುತ್ತದೆ. ಸಂಬಂಧ ಹತ್ತಿರವಾದಷ್ಟೂ ಅದರ ಕಣ್ಣು ಚುರುಕು. ಇದನ್ನು ಕಟ್ಟುವಾಗ ನಾವೆಲ್ಲ ಬೆನ್ನು ತಟ್ಟಿಕೊಂಡಿದ್ದೆವು. ಅದು ಎಲ್ಲಿ ಎಲ್ಲಕ್ಕಿಂತ ಚುರುಕಾಗಿರುತ್ತದೆ ಎಂದು ಯಾರೂ ಯೋಚಿಸಿರಲಿಲ್ಲ. ದೊಡ್ಡಬಳ್ಳಾಪುರದಿಂದ ಸಿದ್ಧಗಂಗಮ್ಮ ಬಂದ ಮೇಲೆ ಗೊತ್ತಾಯಿತು.

ಆಕೆ ಬಂದದ್ದು ಗಣೇಶನ ಹಬ್ಬ ಮುಗಿದ ವಾರ. ಜೊತೆಯಲ್ಲಿ ನಂಜಮ್ಮ ಎಂಬ ಗೆಳತಿ. ಇಬ್ಬರೂ ವಿದ್ಯುತ್ ಮಗ್ಗದಲ್ಲಿ ಸೀರೆ ನೇಯುವವರು. ಎರಡೂ ಕಿವಿ ಕೇಳದ ಸಿದ್ಧಗಂಗಮ್ಮನ ಬಲಗಿವಿಯಲ್ಲಿ ಕಡಲೆಕಾಳಿನಷ್ಟು ಗಾತ್ರದ ಕಿವಿಮಣಿ ಇತ್ತು. ಹಳೆಯ ಶ್ರವಣಯಂತ್ರದಂತೆ ಅದು ಸದ್ದನ್ನು ಜೋರು ಮಾಡುವುದಿಲ್ಲ. ನರವೇ ಸತ್ತುಹೋದ ಕಿವಿಗೆ ಜೋರು ಮಾಡಿ ಏನು ಫಲ? ಎದುರಿನವರ ಮಾತನ್ನು ನೆಟ್‌ಗೆ ಕಳಿಸಿ, ಪದ ಪದ ಬಿಡಿಸಿ, ಅವರದೇ ದನಿಯಲ್ಲಿ ಮತ್ತೆ ಕಟ್ಟಿ ಒಳಗಿನ ಮೂಳೆಗೆ ಮುಟ್ಟಿಸುತ್ತದೆ. ನೆಟ್ ಇಲ್ಲದಿದ್ದರೆ ಅದು ಬರೀ ಕಲ್ಲು.

"ನೀವೇನಾ ಹೆಸ್ರು ಕದಿಯೋರು?" ಎಂದಳು ಸಿದ್ಧಗಂಗಮ್ಮ, ಕೂರುವ ಮೊದಲೇ. ಮಗ್ಗದವರ ದನಿ, ಕೇಂದ್ರದ ಅರ್ಧ ಜನ ತಿರುಗಿ ನೋಡಿದರು.

"ಕದಿಯೋರಲ್ಲಮ್ಮ, ಮುಚ್ಚಿಡೋರು," ಎಂದೆ.

"ಎಲ್ಡೂ ಒಂದೇ ಬಿಡಿ. ನನ್ ವಸ್ತು ನನಗೆ ಸಿಕ್ಕಬಾರ್ದು, ಅಷ್ಟೇ ತಾನೆ?"

ನನಗೆ ಸಿಟ್ಟು ಬಂತು, ಸುಳ್ಳೇಕೆ ಹೇಳಲಿ. ಆಮೇಲೆ ಆಕೆ ನಂಜಮ್ಮನ ಕಡೆ ತಿರುಗಿ, "ಕರಿಯೇ ಅವಳ್ನ, ಮೇಡಮ್ಮಾರು ನೋಡ್ಲಿ," ಎಂದಳು. ನಂಜಮ್ಮ ಮೆಲ್ಲಗೆ ಹುಡುಗಿಯೊಬ್ಬಳ ಹೆಸರು ಹೇಳಿದಳು. ನನಗೆ ಸ್ಪಷ್ಟವಾಗಿ ಕೇಳಿಸಿತು. ಚಂದದ ಹೆಸರು.

"ಇವಳು ಏನಂದ್ಲು ಗೊತ್ತಾ ನನ್ ಕಿವೀಲಿ? 'ನಾಡಮಗಳು' ಅಂದ್ಲು. ನಂಜಿ ದನೀಲೇ 'ನಾಡಮಗಳು'. ಓಗ್ಲಿ, ಇವಳು ಅಂದಳು. ನಾನೇ ಕರೆದ್ರೂ ಅಂಗೇ ಕೇಳ್ತೈತೆ ಕಣಮ್ಮ! ನನ್ ಬಾಯಿ, ನನ್ ಮಗಳು, ನಾನು ಕರದ್ರೆ ನನ್ ಕಿವಿಗೇ 'ನಾಡಮಗಳು'! ನಾಡು ಹೆತ್ತಿತ್ತಾ ಅವಳ್ನ? ನಾಡು ಹೊತ್ತು ತಿರುಗಿತ್ತಾ?"

ಆಗ ನನಗೆ ಯಾರೆಂದು ಹೊಳೆಯಿತು. ನಾಡಮಗಳ ಸುದ್ದಿ ಕೇಳದವರು ಯಾರಿದ್ದಾರೆ? ಮೂರು ವರ್ಷದ ಹಿಂದೆ, ಔಷಧಿ ಅಂಗಡಿಯಲ್ಲಿ ಕೆಲಸ ಮುಗಿಸಿ ಮನೆಗೆ ಹೊರಟ ಹುಡುಗಿ ಮನೆ ತಲುಪಲಿಲ್ಲ. ಮಾಡಿದ ಪಾಪಿಗಳು ಅದನ್ನು ಫೋನಿನಲ್ಲಿ ವಿಡಿಯೋ ಮಾಡಿ ಹಂಚಿದ್ದರು. ಅವರೀಗ ಜೈಲಿನಲ್ಲಿದ್ದಾರೆ. ವಿಡಿಯೋ ಮಾತ್ರ ಯಾವ ಜೈಲಿಗೂ ಹೋಗಲಿಲ್ಲ. ಅದನ್ನು ಈ ಮೂರು ವರ್ಷ ತಡೆದು ಹಿಡಿದಿರುವುದು ನಮ್ಮ ಮುಸುಕೇ.

ಕಿವಿಮಣಿ ಕೊಡಿಸಿದವಳೂ ಆ ಮಗಳೇ. ಸಂಬಳದಲ್ಲಿ ಉಳಿಸಿ ತಂದು, ತಾನೇ ಅಮ್ಮನ ಕಿವಿಗೆ ಕೂರಿಸಿ, ಬೆನ್ನ ಹಿಂದೆ ಹೋಗಿ ನಿಂತು ತನ್ನ ಹೆಸರನ್ನು ತಾನೇ ಕೂಗಿದಳಂತೆ. "ಹೇಳು ನೋಡಣ, ಯಾರು ನಾನು?" ಎಂದು ಕೇಳಿದಳಂತೆ. ಎಷ್ಟೋ ವರ್ಷ ಕಿವುಡಾಗಿದ್ದ ಆ ಕಿವಿಗೆ ಮೊದಲು ಬಿದ್ದ ಮಾತು ಅದು.

"ಮಾಲಯ ಅಮಾಸೆಗೆ ಹಿರೀರ ಹಬ್ಬ," ಎಂದಳು ಸಿದ್ಧಗಂಗಮ್ಮ, ದನಿ ತಗ್ಗಿಸಿ. "ಎಡೆ ಇಟ್ಟು ಹೆಸರು ಹಿಡಿದು ಕರೀಬೇಕು. ಇಲ್ದಿದ್ರೆ ದಾರಿ ತಪ್ತಾರೆ. ಮೂರು ವರ್ಷದಿಂದ 'ನಾಡಮಗಳು ಬಾ' ಅಂತ ಕೇಳ್ತೈತೆ ನನಗೆ. ಅನ್ನ ಗಂಟಲಲ್ಲಿ ಇಳಿಯಾಕಿಲ್ಲ. ಈ ಸಲ ಒಂದು ಸಲ, ಒಂದೇ ಸಲ ಅವಳ ಹೆಸರು ನನ್ ಕಿವಿಗೆ ಬೀಳಂಗೆ ಮಾಡ್ಕೊಡಿ. ಕೈ ಮುಗಿದು ಕೇಳ್ತೀನಿ."

ನಾನು ಬೇರೆಡೆ ನೋಡುತ್ತಾ, "ನೋಡ್ತೀನಮ್ಮ," ಎಂದೆ.

ನೋಡಿದೆ. ನಮ್ಮ ನಿರ್ದೇಶಕ ಪ್ರಹ್ಲಾದರ ಕೋಣೆಗೆ ನುಗ್ಗಿ ಜಗಳವನ್ನೇ ಆಡಿದೆ.

"ಒಂದು ಕಿವಿ, ಸಾರ್. ಒಂದೇ ಒಂದು ಕಿವಿಗೆ ವಿನಾಯಿತಿ ಕೊಡೋಕ್ಕಾಗಲ್ವಾ?"

ಪ್ರಹ್ಲಾದ್ ಕೆಟ್ಟವರಲ್ಲ. ಕೆಟ್ಟವರಾಗಿದ್ದರೆ ಬೈದು ಹಗುರಾಗಬಹುದಿತ್ತು. ಅವರು ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು. "ವಿನಾಯಿತಿ ಕೊಡಬೇಕಾದ್ರೆ ಯಾರಿಗೆ ಅಂತ ಎಲ್ಲೋ ಒಂದು ಕಡೆ ಇರಬೇಕು, ಇಂದುಮತಿ. ಇಂಥ ಊರಿನ ಇಂಥ ತಾಯಿ ಅಂತ. ಅದು ಕಳ್ಳರ ಕೈಗೆ ಸಿಕ್ಕರೆ ಬಲಿಯಾದ ಎಲ್ಲರ ಮನೆ ಬಾಗಿಲೂ ಸಿಕ್ಕ ಹಾಗೆ. ಅದಕ್ಕೇ ಅಲ್ವಾ ನಾವು ಅಂಥದ್ದು ಇಟ್ಟುಕೊಳ್ಳದೇ ಕಟ್ಟಿದ್ದು?"

"ಹೆಸರೊಂದನ್ನೇ ಬಿಟ್ಟು, ಮುಖ, ದನಿ ಮುಚ್ಚಿಡಿ."

"ಮೂರೂ ಒಂದೇ ಗಂಟು. ಬಿಚ್ಚಿದರೆ ಪೂರಾ ಬಿಚ್ಚಬೇಕು. ಬೇರೆ ಬೇರೆ ಇಟ್ಟಿದ್ದರೆ ಯಾರಾದರೂ ಜೋಡಿಸಿಬಿಡ್ತಿದ್ದರು. ನೀವೇ ವಾದ ಮಾಡಿ ಒಂದೇ ಗಂಟು ಮಾಡಿಸಿದ್ರಿ, ನೆನಪಿದೆಯಾ?"

ನೆನಪಿತ್ತು. ಈಗ ಕೇಳಿದರೂ ಅದೇ ವಾದ ಮಾಡುತ್ತೇನೆ. ಅದೇ ಸಂಕಟ.

ಉಳಿದದ್ದು ಒಂದೇ ದಾರಿ. ಸತ್ತವರ ಹತ್ತಿರದ ವಾರಸುದಾರರು ಬೇಡವೆಂದರೆ ಮುಸುಕನ್ನು ಪೂರ್ತಿ ತೆಗೆಯಬಹುದು, ಹಾಗೆಂದು ಕಾನೂನಿನಲ್ಲೇ ಇದೆ. ಸಿದ್ಧಗಂಗಮ್ಮ ಬಾಯಿಬಿಟ್ಟು 'ತೆಗೀರಿ' ಎಂದರೆ ಸಾಕು. ಮಗಳ ಹೆಸರು ಮರಳುತ್ತದೆ. ಆಮೇಲೆ ಆ ವಿಡಿಯೋಗೂ ಅಡ್ಡಿ ಇರುವುದಿಲ್ಲ.

ಇದನ್ನು ಫೋನಿನಲ್ಲಿ ಹೇಳುವುದು ಹೇಗೆ? ದೊಡ್ಡಬಳ್ಳಾಪುರಕ್ಕೇ ಹೋದೆ.

ಮಗ್ಗದ ಮನೆಗಳ ಕೇರಿ. ಆರು ಮಗ್ಗ ಒಂದೇ ಸೂರಿನಡಿ ಬಡಿಯುತ್ತಿದ್ದವು. ಬಾಗಿಲಲ್ಲಿ ನಿಂತ ನನಗೆ ನನ್ನ ದನಿಯೇ ಕೇಳಿಸಲಿಲ್ಲ. ಒಳಗೆ ಸಿದ್ಧಗಂಗಮ್ಮ ಈ ತುದಿ, ನಂಜಮ್ಮ ಆ ತುದಿ. ಇಬ್ಬರೂ ಹರಟೆ ಹೊಡೆದು ನಗುತ್ತಿದ್ದರು, ಸದ್ದೇ ಇಲ್ಲದೆ. ತುಟಿ ಮಾತ್ರ ಆಡುತ್ತಿದ್ದವು. ಸಿದ್ಧಗಂಗಮ್ಮ ಕಿವಿಮಣಿ ತೆಗೆದು ಸೆರಗಿನಲ್ಲಿ ಗಂಟು ಹಾಕಿಕೊಂಡಿದ್ದಳು.

ಊಟದ ಹೊತ್ತಿಗೆ ಮಗ್ಗ ನಿಂತಿತು. ಕಿವಿಮಣಿ ಮತ್ತೆ ಕಿವಿಗೇರಿತು. "ಇದು ನಮ್ ಮಗ್ಗದೋರ ಮಾತು ಮೇಡಮ್ಮಾರೆ," ಎಂದಳು ನಂಜಮ್ಮ. "ಈ ಗಲಾಟೇಲಿ ಕೂಗಿದ್ರೆ ಗಂಟ್ಲು ಹರಿದೋಗತ್ತೆ. ತುಟಿ ನೋಡ್ಕೊಂಡೇ ಮಾತಾಡ್ತೀವಿ. ಅವಳ್ ಮಗಳೂ ಕಲ್ತಿದ್ಲು. ತೊಟ್ಲಾಗೇ ಕಲ್ತಿದ್ಲು ಅನ್ನಿ."

ಸಿದ್ಧಗಂಗಮ್ಮ ತನ್ನ ಮನೆಗೆ ಕರೆದೊಯ್ದು ಮುದ್ದೆ, ಹುರುಳಿ ಸಾರು ಬಡಿಸಿದಳು. ಗೋಡೆಯ ಮೇಲೆ ತೀರಿಹೋದ ಗಂಡನ ಫೋಟೋ, ಪಕ್ಕದಲ್ಲಿ ಮಗಳದು. ಕಾಗದದ ಮೇಲೆ ಅಚ್ಚಾದ ಹಳೆಯ ಫೋಟೋ. ಅದನ್ನು ಮುಸುಕು ಮುಟ್ಟುವುದಿಲ್ಲ. ಎರಡು ಜಡೆ, ಒಂದು ಹಲ್ಲಿನ ಮೇಲೆ ಇನ್ನೊಂದು ಏರಿದ ನಗು. ನಾನು ಆ ಪ್ರಕರಣವನ್ನು ಮೂರು ವರ್ಷ ಕಾಯ್ದಿದ್ದೆ. ಅವಳ ಮುಖ ನೋಡಿದ್ದು ಅಂದೇ.

ಇರುವ ವಿಷಯವನ್ನು ಇರುವ ಹಾಗೆ ಹೇಳಿದೆ. ತೆಗೆದರೆ ಎಲ್ಲವೂ ತೆಗೆದ ಹಾಗೆ ಎಂದೆ.

ಆಕೆ ಸ್ವಲ್ಪವೂ ತಡಮಾಡಲಿಲ್ಲ. "ತೆಗೀರಿ. ಅಮಾಸೆ ದಿನ ತೆಗೀರಿ. ಅವಳ್ನ ಕರೀವಾಗ ನನಗೆ ಕೇಳ್ಬೇಕು."

"ಆ ವಿಡಿಯೋ, ಸಿದ್ಧಗಂಗಮ್ಮ..."

"ಮೂರು ವರ್ಷ ಆಯ್ತಲ್ಲಮ್ಮ. ಇನ್ನೂ ಯಾರು ಮಡಿಕ್ಕಂಡಿರ್ತಾರೆ ಆ ದರಿದ್ರವ? ಜನಕ್ಕೆ ಬೇರೆ ಕೆಲ್ಸ ಇಲ್ವಾ? ಅವಳಿಗೆ ಪ್ರತಿಮೆ ಮಾಡವ್ರೆ, ದೀಪ ಹಚ್ತಾರೆ. ಅಂಥ ಜನ ಅದನ್ನ ನೋಡ್ತಾರಾ?"

ನನ್ನ ತುತ್ತು ಕೈಯಲ್ಲೇ ಉಳಿಯಿತು. ನಮ್ಮ ಕೇಂದ್ರದ ಗೋಡೆಯ ಮೇಲೆ ಒಂದು ದೊಡ್ಡ ನಕ್ಷೆ ಇದೆ. ಯಾರಾದರೂ ಅಂಥ ವಿಡಿಯೋ ತೆರೆಯಲು, ಹುಡುಕಲು, ಕಳಿಸಲು ಹೋಗಿ ಮುಸುಕಿಗೆ ತಗುಲಿದರೆ ಅಲ್ಲೊಂದು ಕೆಂಪು ಚುಕ್ಕಿ ಹೊತ್ತುತ್ತದೆ. ಯಾರೆಂದು ತೋರಿಸುವುದಿಲ್ಲ, ಯಾವ ಜಾಗವೆಂದು ಮಾತ್ರ. ನಾನು ದೂರಿನವಳು, ಆ ಗೋಡೆಯ ಕಡೆ ಹೋಗುವುದೇ ಕಡಿಮೆ.

"ಅಮಾವಾಸ್ಯೆಯೊಳಗೆ ನೋಡಿ ಹೇಳ್ತೀನಿ. ಆಮೇಲೆ ನೀವು ಹೂಂ ಅಂದ್ರೆ ತೆಗೀತೀನಿ," ಎಂದೆ.

ನೋಡುವುದಕ್ಕೆ ಅವಕಾಶವೂ ಬೇಗನೆ ಬಂತು. ಅಮಾವಾಸ್ಯೆಗೆ ಇನ್ನೂ ಕೆಲವು ದಿನ ಇರುವಾಗ ಸರ್ಕಾರದ 'ನಾಡಮಗಳ ನೆನಪಿನ ದಿನ'. ಉದ್ಯಾನದಲ್ಲಿ ಅವಳದೊಂದು ಪ್ರತಿಮೆ ಇದೆ. ಮುಖ ಇರಬೇಕಾದ ಜಾಗದಲ್ಲಿ ನುಣ್ಣಗಿನ ಕಲ್ಲು. ಮಂತ್ರಿಗಳು ಹಾರ ಹಾಕಿದರು. "ನಾಡಮಗಳು ನಮ್ಮೆಲ್ಲರ ಮಗಳು," ಎಂದರು. ಅದು ನಮ್ಮ ಕೋಣೆಯ ಒಂದು ಪರದೆಯಲ್ಲಿ ನೇರ ಪ್ರಸಾರವಾಗುತ್ತಿತ್ತು. ಕೋಟಿ ಜನ ಫೋನಿನಲ್ಲಿ ದೀಪದ ಚಿತ್ರ ಹಾಕುತ್ತಿದ್ದರು.

ಪಕ್ಕದ ಗೋಡೆಯ ನಕ್ಷೆ ಕೆಂಪಾಗತೊಡಗಿತು.

ಮೊದಲು ಅಲ್ಲೊಂದು ಇಲ್ಲೊಂದು. ಭಾಷಣ ಜೋರಾದಂತೆ ಗೊಂಚಲು ಗೊಂಚಲು. ಬೀದರದಿಂದ ಚಾಮರಾಜನಗರದವರೆಗೆ ಮೈಗೆ ದಡಾರ ಎದ್ದ ಹಾಗೆ. "ಇದೇನ್ ಸಾರ್, ಯಂತ್ರ ಕೆಟ್ಟಿದೆಯಾ?" ಎಂದು ಕೇಳಿದೆ.

"ಕೆಟ್ಟಿಲ್ಲ," ಎಂದರು ಪ್ರಹ್ಲಾದ್. "ಪ್ರತಿ ವರ್ಷ ಹೀಗೇ. ನೆನಪು ಮಾಡಿದ ದಿನವೇ ಹೆಚ್ಚು ಹುಡುಕ್ತಾರೆ. ದೀಪ ಹಾಕಿದ ಜಾಗದಿಂದಲೇ ಹುಡುಕ್ತಾರೆ, ಇಂದುಮತಿ. ಮೊದಲು ದೀಪ, ಆಮೇಲೆ ಇದು."

ಥೂ ಎಂದೆ. ಬಾಯಿಗೆ ಬಂದದ್ದನ್ನೆಲ್ಲ ಅಂದೆ, ಅದನ್ನಿಲ್ಲಿ ಬರೆಯುವುದಿಲ್ಲ. ಆಮೇಲೆ ನಕ್ಷೆಯ ಹತ್ತಿರ ಹೋಗಿ ಬೆರಳಿನಿಂದ ದೊಡ್ಡಬಳ್ಳಾಪುರವನ್ನು ಹಿಗ್ಗಿಸಿ ನೋಡಿದೆ. ಯಾಕಾದರೂ ನೋಡಿದೆನೋ! ಊರಿನಲ್ಲಿ ಚುಕ್ಕಿಗಳಿದ್ದವು. ಮಗ್ಗದ ಕೇರಿಯಲ್ಲೂ ಒಂದು ಇತ್ತು.

ಅಂದು ಮನೆಗೆ ಹೋಗಿ ಒಲೆ ಹಚ್ಚಲಿಲ್ಲ. ನನ್ನ ಫೋನು ತೆಗೆದು ಅಕ್ಕಿ ಡಬ್ಬಿಯ ಹಿಂದೆ ಇಟ್ಟೆ. ಹುಚ್ಚುತನವೇ. ಆದರೆ ಅದರ ಮುಖ ನೋಡಲು ಹೇಸಿಗೆಯಾಗುತ್ತಿತ್ತು.

ಮಹಾಲಯ ಅಮಾವಾಸ್ಯೆಯ ದಿನ ಮಧ್ಯಾಹ್ನ ದೊಡ್ಡಬಳ್ಳಾಪುರಕ್ಕೆ ಹೋದಾಗ ಕೇರಿಯ ಮಗ್ಗಗಳೆಲ್ಲ ನಿಂತಿದ್ದವು. ಮನೆಮನೆಯಲ್ಲೂ ವಡೆ ಕರಿಯುವ ವಾಸನೆ. ನನ್ನ ಚೀಲದಲ್ಲಿ ಕೇಂದ್ರದ ಟ್ಯಾಬ್ ಇತ್ತು. ಸಿದ್ಧಗಂಗಮ್ಮ ಅದರ ಮುಂದೆ ಒಂದು ಮಾತು ಹೇಳಿದರೆ ಮುಸುಕು ಸರಿಯುತ್ತದೆ.

ನಡುಮನೆಯಲ್ಲಿ ಕಳಶ, ಅದರ ಮುಂದೆ ಗಂಡನಿಗೆ ಹೊಸ ಪಂಚೆ, ಮಗಳಿಗೆ ಹೊಸ ಚೂಡಿದಾರ್, ಗಾಜಿನ ಬಳೆ. ಎರಡು ಬಾಳೆ ಎಲೆ. ಮಗಳ ಎಲೆಗೆ ಅವಳಿಗಿಷ್ಟವಾದ ಕಜ್ಜಾಯ ಎರಡು ಹೆಚ್ಚಾಗಿಯೇ ಬಿದ್ದಿದ್ದವು. ಅಕ್ಕಪಕ್ಕದ ನಾಲ್ಕಾರು ಹೆಂಗಸರು ಬಂದಿದ್ದರು. ಅವರಲ್ಲೊಬ್ಬಾಕೆ, "ಹಿರೀರ ಹಬ್ಬಕ್ಕೆ ಚಿಕ್ಕ ಹುಡುಗಿಗೆ ಎಡೆಯಾ?" ಎಂದು ಗೊಣಗಿದಳು. ನಂಜಮ್ಮ ಕೂತಲ್ಲಿಂದಲೇ, "ನಮಗಿಂತ ಮುಂಚೆ ಹೋದೋರೆಲ್ಲ ಹಿರೀರೇ ಕಣೇ, ಸುಮ್ಕಿರು," ಎಂದು ಬಾಯಿ ಮುಚ್ಚಿಸಿದಳು.

ಸಿದ್ಧಗಂಗಮ್ಮ ಕೈ ಒರೆಸಿಕೊಂಡು ನನ್ನ ಎದುರು ಕೂತಳು. ತಲೆಗೆ ಸ್ನಾನ ಮಾಡಿದ್ದಳು. ಮದುವೆಮನೆಗೆ ಹೊರಟವಳ ಹಾಗೆ ಮುಖ ಗೆಲುವಾಗಿತ್ತು.

"ತಂದಿದ್ದೀರಾ ಯಂತ್ರವ?"

"ತಂದಿದ್ದೀನಿ."

"ನೋಡಿ ಹೇಳ್ತೀನಿ ಅಂದಿದ್ರಿ. ನೋಡಿದ್ರಾ?"

"ನೋಡಿದೆ."

"ಏನು?"

ಸುಳ್ಳು ಹೇಳಬಹುದಿತ್ತು. ಒಂದು ಸುಳ್ಳಿಗೆ ಆಕೆಯ ಮಗಳ ಹೆಸರು ಆಕೆಗೆ ಸಿಗುತ್ತಿತ್ತು. ಟ್ಯಾಬನ್ನು ಚೀಲದಿಂದ ಅರ್ಧ ತೆಗೆದೆ, ಮತ್ತೆ ಒಳಗಿಟ್ಟೆ.

"ಇನ್ನೂ ಹುಡುಕ್ತಾರಮ್ಮ."

"ಸುಮಾರು ಜನವಾ?"

"ಸುಮಾರು ಜನ."

ಆಕೆ ಎಲೆಯ ಮೇಲಿನ ಕಜ್ಜಾಯವನ್ನು ಸರಿಮಾಡಿದಳು. ಸರಿಯಾಗಿಯೇ ಇದ್ದದ್ದನ್ನು ಮತ್ತೊಮ್ಮೆ ಸರಿಮಾಡಿದಳು. "ನಮ್ಮೂರಲ್ಲೂ?"

ನಾನು ಚೀಲದ ಬಾಯಿ ಕಟ್ಟಿದೆ.

"ನಮ್ ಕೇರೀಲೂ?"

ತಲೆ ತಗ್ಗಿಸಿ ಹೂಂ ಎಂದೆ. ಆಕೆ ತೆರೆದ ಬಾಗಿಲಿನಿಂದ ಹೊರಗೆ ನೋಡಿದಳು. ಎದುರು ಮನೆಯ ಜಗುಲಿ, ಅದರ ಪಕ್ಕದ ಮನೆ, ಅದರಾಚೆಯದು. ಎಲ್ಲವೂ ಆಕೆ ಹಬ್ಬಕ್ಕೆ ಹೋಳಿಗೆ ಹಂಚಿದ ಮನೆಗಳೇ. ನೋಡುತ್ತಾ ನೋಡುತ್ತಾ ಆಕೆಯ ಗೆಲುವೆಲ್ಲ ಇಳಿದುಹೋಯಿತು. ನಂಜಮ್ಮ ಸೆರಗು ಬಾಯಿಗೆ ಒತ್ತಿಕೊಂಡಳು.

"ಬ್ಯಾಡ," ಎಂದಳು ಸಿದ್ಧಗಂಗಮ್ಮ. "ತೆಗೀಬ್ಯಾಡಿ. ಇನ್ನೊಂದು ಸಲ ಅವಳ್ನ ಯಾರೂ ನೋಡಬಾರ್ದು. ನಾನು ಸತ್ ಮೇಲೂ ತೆಗೀಬ್ಯಾಡಿ. ನಿಮ್ಮ ಯಂತ್ರಕ್ಕೆ ಅಂಗಂತ ಹೇಳ್ಬಿಡಿ."

"ಸಿದ್ಧಗಂಗಮ್ಮ, ಹೆಸರು..."

"ಹೆಸ್ರು ನನ್ ಹೊಟ್ಟೇಲೈತೆ ಬಿಡಿ."

ಹಾಗೆಂದು ಬಲಗಿವಿಗೆ ಕೈ ಹಾಕಿ ಕಿವಿಮಣಿಯನ್ನು ತೆಗೆದಳು. ಸೆರಗಿನಲ್ಲಿ ಒರೆಸಿದಳು. ಮಗಳ ಎಲೆಯ ಪಕ್ಕ, ಗಾಜಿನ ಬಳೆಗಳ ನಡುವೆ ಇಟ್ಟಳು. "ನೀನು ಕೊಡಿಸಿದ್ದು. ನಿನ್ ಹತ್ರಾನೇ ಇರ್ಲಿ ಮಗಾ," ಎಂದಳು ಫೋಟೋಗೆ. ಹಬ್ಬ ಮುಗಿದ ಮೇಲಾದರೂ ಮತ್ತೆ ಹಾಕಿಕೊಳ್ಳುತ್ತಾಳೆ ಎಂದುಕೊಂಡೆ. ಆಕೆ ಹಾಕಿಕೊಳ್ಳಲಿಲ್ಲ. ಇವತ್ತಿಗೂ ಹಾಕಿಕೊಂಡಿಲ್ಲ.

ಆಮೇಲೆ ನಮ್ಮೆಲ್ಲರ ಕಡೆ ತಿರುಗಿ ಕೂತಳು. "ಈಗ ಕರೀರವ್ವ. ಒಬ್ಬೊಬ್ರೇ ಕರೀರಿ. ನಿಧಾನಕ್ಕೆ."

ನಂಜಮ್ಮ ಕರೆದಳು. ಸಿದ್ಧಗಂಗಮ್ಮ ಕಣ್ಣು ಮಿಟುಕಿಸದೆ ಅವಳ ತುಟಿಯನ್ನೇ ನೋಡಿದಳು, ಹೌದು ಎಂದು ತಲೆಯಾಡಿಸಿದಳು. ಗೊಣಗಿದ ಹೆಂಗಸು ಅಳುತ್ತಲೇ ಕರೆದಳು. ಒಬ್ಬೊಬ್ಬರಾಗಿ ನನ್ನ ಸರದಿ ಬಂತು. ಮೂರು ವರ್ಷ ಆ ಹೆಸರನ್ನು ಎಲ್ಲರಿಂದ ಕಾಯ್ದ ನಾನು ಅದನ್ನು ಬಾಯಿಬಿಟ್ಟು ಹೇಳಿದ್ದು ಅದೇ ಮೊದಲು. ತುಟಿಗಳು ಒಮ್ಮೆ ಕೂಡಿ ಬಿಡುತ್ತವೆ, ಆಮೇಲೆ ನಗುವಾಗಿನ ಹಾಗೆ ಅಗಲವಾಗುತ್ತವೆ. ಇಷ್ಟು ಹೇಳಿದರೆ ತಪ್ಪಿಲ್ಲ, ಯಾರಿಗೂ ಅದರಿಂದ ಅವಳು ಸಿಗುವುದಿಲ್ಲ. ನಾನು ಹೇಳಿ ಮುಗಿಸಿದಾಗ ಸಿದ್ಧಗಂಗಮ್ಮ ಕೈ ಚಾಚಿ ನನ್ನ ತುಟಿಯನ್ನು ಬೆರಳಿನಿಂದ ಮುಟ್ಟಿದಳು.

ನಂತರ ಎಲ್ಲರೂ ಹೊರಗೆ ಬಂದೆವು. ಅದು ಅವರ ಪದ್ಧತಿ. ಎಡೆ ಇಟ್ಟು, ಬಾಗಿಲು ಮುಚ್ಚಿ, ಸ್ವಲ್ಪ ಹೊತ್ತು ಹೊರಗೆ ಕಾಯಬೇಕು. ಹೋದವರು ಬಂದು ಉಣ್ಣುವುದಕ್ಕೆ ಒಂದಿಷ್ಟು ಏಕಾಂತ ಬೇಕು, ಯಾರೂ ನೋಡುತ್ತಿರಬಾರದು. ಜಗುಲಿಯ ಮೇಲೆ ಕೂತು ನಾನು ಅದನ್ನೇ ಯೋಚಿಸಿದೆ. ಉಣ್ಣುವ ಸತ್ತವರನ್ನು ಕೂಡ ನೋಡಬಾರದು ಎನ್ನುವ ಮರ್ಯಾದೆ ಈ ಜನಕ್ಕೆ ಗೊತ್ತಿದೆ. ಇದೇ ಕೇರಿಯಲ್ಲಿ ಆ ಚುಕ್ಕಿಯೂ ಇದೆ. ಈ ಎರಡನ್ನೂ ಒಟ್ಟಿಗೆ ಇಟ್ಟು ಅರ್ಥಮಾಡಿಕೊಳ್ಳಲು ನನ್ನಿಂದಾಗಲಿಲ್ಲ.

ಬಾಗಿಲು ತೆರೆಯುವ ಮೊದಲು, ಒಳಗಿರುವವರು ಬೆಚ್ಚದಿರಲಿ ಎಂದು ಬಾಗಿಲು ತಟ್ಟಿ ಹೆಸರು ಹಿಡಿದು ಕೂಗಬೇಕು. ಸಿದ್ಧಗಂಗಮ್ಮ ಮೊದಲು ಗಂಡನನ್ನು ಕೂಗಿದಳು. ಆಮೇಲೆ ಬಾಗಿಲಿಗೆ ಹಣೆಯಿಟ್ಟು ಮಗಳ ಹೆಸರು ಕೂಗಿದಳು. ಕಿವಿ ಇಲ್ಲದವರಿಗೆ ದನಿಯ ಅಳತೆ ಎಲ್ಲಿ? ಎದೆಯಲ್ಲಿದ್ದುದೆಲ್ಲ ಬಂತು. ಎದುರು ಮನೆಯವರು ಹೊರಗೆ ಬಂದು ನಿಂತರು. ಕೇರಿಯ ತುದಿಯವರೆಗೂ ಕೇಳಿಸಿತು. ಯಾವ ಮುಸುಕೂ ಅದನ್ನು ಮುಟ್ಟಲಿಲ್ಲ.

ಕೂಗಿ ಮುಗಿಸಿ ಆಕೆ ನನ್ನ ಕಡೆ ತಿರುಗಿದಳು. ಮುಖದಲ್ಲಿ ಏನೋ ಗಾಬರಿ. ಹತ್ತಿರ ಬಂದು ನನ್ನ ಎರಡೂ ಕೈ ಹಿಡಿದುಕೊಂಡಳು.

"ಮೇಡಮ್ಮಾರೆ, ನಾನು ಅವಳ ಹೆಸರೇ ಕರೆದ್ನಾ? ಮೂರು ವರ್ಷದಿಂದ ಅದೇ ಕೇಳಿ ಕೇಳಿ... ನಾಡಮಗಳು ಅಂತ ಅಂದ್ಬಿಟ್ಟಿಲ್ಲ ತಾನೆ?"

ಅಳು ನುಂಗಿಕೊಂಡೆ. ಅತ್ತರೆ ತುಟಿ ನಡುಗುತ್ತದೆ, ನಡುಗಿದರೆ ಆಕೆಗೆ ಓದಲು ಆಗುವುದಿಲ್ಲ. ಮುಖವನ್ನು ಬೆಳಕಿಗೆ ಎತ್ತಿ ಹಿಡಿದು, ಸದ್ದು ಮಾಡದೆ, ನಿಧಾನವಾಗಿ ಆ ಹೆಸರನ್ನು ಆಕೆಗೆ ಹೇಳಿದೆ.